ಎತ್ತಂಗಡಿಗೂ ಜಾತಿ ಇದೆ



ನಮ್ಮ ಗೆಳೆಯನೊಬ್ಬ ತಾಲ್ಲೂಕು ಕಚೇರಿಯಲ್ಲಿ ದ್ವಿತೀಯ ದರ್ಜೆ ಸಹಾಯಕ. ಕೇರಿಯ ಮುದುಕಿಯೊಬ್ಬಳು, ತನ್ನ ಗಂಡನಿಗೆ ಸರ್ಕಾರ ಕೊಟ್ಟಿದ್ದ ಎರಡೆಕರೆ ಯಾರ ಪಾಲಾಯ್ತಪ್ಪಾ ಅಂತ ಕೇಳಿಕೊಂಡು ಬಂದಳು. 1978ರ ಪಿ.ಟಿ.ಸಿ.ಎಲ್. ಕಾಯ್ದೆ ಇದೆ ಅವ್ವಾ, ಅರ್ಜಿ ಹಾಕು ಎಂದ. ಹಳೇ ಕಡತ ಹುಡುಕಿ ನಕಲು ಕೊಡಿಸಿದ. ಅವನು ಮಾಡಿದ ಅಪರಾಧ ಇಷ್ಟೇ. ಹತ್ತು ದಿನದೊಳಗೆ ಆರ್ಡರ್ ಬಂತು. ಜಿಲ್ಲೆಯ ಆ ತುದಿಗೆ ಎತ್ತಂಗಡಿ. ಕಾರಣ: 'ಸಾರ್ವಜನಿಕ ಹಿತದೃಷ್ಟಿಯಿಂದ'.

ನಾವು ಕೇಳುತ್ತೇವೆ: ಯಾವ ಸಾರ್ವಜನಿಕರ ಹಿತ? ಆ ಮುದುಕಿ ಸಾರ್ವಜನಿಕರ ಲೆಕ್ಕಕ್ಕೆ ಬರೋದಿಲ್ಲವೇ?

ವರ್ಗಾವಣೆ ನೌಕರಿಯ ಜೊತೆಗೇ ಬರುವಂಥದ್ದು, ಅದು ಶಿಕ್ಷೆಯಲ್ಲ ಎಂದು ನ್ಯಾಯಾಲಯಗಳು ಹೇಳುತ್ತಾ ಬಂದಿವೆ. ಇರಬಹುದು. ಮೇಲುಜಾತಿಯ ನೌಕರನಿಗೆ ಹೊಸ ಊರಲ್ಲೂ ಮಠ ಇದೆ, ನೆಂಟರಿದ್ದಾರೆ, ತನ್ನವರ ಬೀದಿ ಇದೆ. ನಮ್ಮವನು ಬಾಡಿಗೆ ಮನೆ ಕೇಳೋಕೆ ಹೋದರೆ ಮೊದಲು ಹೆಸರು, ಆಮೇಲೆ ಅಪ್ಪನ ಹೆಸರು, ಆಮೇಲೆ 'ನೀವು ಯಾವ ಪೈಕಿ?' ಅಷ್ಟು ಹೊತ್ತಿಗೆ ಖಾಲಿ ಇದ್ದ ಮನೆ ಭರ್ತಿ ಆಗಿರುತ್ತೆ!

1917ರಲ್ಲಿ ಬಾಬಾಸಾಹೇಬರು ಅಮೆರಿಕ, ಇಂಗ್ಲೆಂಡುಗಳಲ್ಲಿ ಓದಿ ಬಂದು ಬರೋಡ ಸಂಸ್ಥಾನದ ನೌಕರಿಗೆ ಸೇರಿದರು. ಆ ಊರಲ್ಲಿ ಅವರಿಗೊಂದು ಕೋಣೆ ಸಿಗಲಿಲ್ಲ. ಪಾರ್ಸಿ ಎಂದು ಹೇಳಿಕೊಂಡು ಇಳಿದಿದ್ದ ಛತ್ರಕ್ಕೂ ದೊಣ್ಣೆ ಹಿಡಿದವರು ಬಂದು ಹೊರಗಟ್ಟಿದರು. ನೌಕರಿ ಬಿಟ್ಟು ಮುಂಬೈಗೆ ಮರಳಬೇಕಾಯಿತು. ನೂರು ವರ್ಷ ದಾಟಿದೆ. ನಮ್ಮ ಗೆಳೆಯ ಇವತ್ತೂ ಅದೇ ಪ್ರಶ್ನೆಗೆ ಉತ್ತರ ಹೇಳುತ್ತಾ ಬೀದಿ ಸುತ್ತುತ್ತಿದ್ದಾನೆ. ಒಂದೇ ಸಾಲಿನ ಆರ್ಡರು, ಆದರೆ ಇಬ್ಬರ ತಲೆಯ ಮೇಲೂ ಒಂದೇ ಭಾರ ಬೀಳುವುದಿಲ್ಲ.

ಕೋರ್ಟಿಗೆ ಹೋಗ್ರಿ ಅಂತಾರೆ. ಹೋಗೋಣ. 1985ರ ಕಾಯ್ದೆಯ ಮೇರೆಗೆ 1986ರಲ್ಲಿ ನಮ್ಮ ರಾಜ್ಯಕ್ಕೆ ಆಡಳಿತ ನ್ಯಾಯಮಂಡಳಿ, ಅಂದರೆ ಕೆ.ಎ.ಟಿ., ಬಂತು. ರಾಜ್ಯ ಸರ್ಕಾರಿ ನೌಕರ ಮೊದಲು ಅಲ್ಲಿಗೆ ಹೋಗಬೇಕು. ಅಲ್ಲಿ ಸೋತರೆ ಹೈಕೋರ್ಟಿಗೆ ಹೋಗುವ ದಾರಿಯನ್ನು 1997ರ ಚಂದ್ರಕುಮಾರ್ ತೀರ್ಪು ತೆರೆದಿಟ್ಟಿದೆ. ಆದರೆ ಗೆಲ್ಲಬೇಕಾದರೆ ಕಡ್ಡಾಯ ನಿಯಮ ಮುರಿದಿದ್ದಾರೆಂದು ತೋರಿಸಬೇಕು, ಇಲ್ಲವೇ ದುರುದ್ದೇಶ ಸಾಬೀತು ಮಾಡಬೇಕು. ಇದು 1991ರ ಶಿಲ್ಪಿ ಬೋಸ್ ತೀರ್ಪು. ಸರ್ಕಾರ ತನ್ನದೇ ಮಾರ್ಗಸೂಚಿ ಮುರಿದರೆ? ಮಾರ್ಗಸೂಚಿಯಿಂದ ನೌಕರನಿಗೆ ಹಕ್ಕು ಹುಟ್ಟುವುದಿಲ್ಲ ಎಂದಿತು 1993ರ ಅಬ್ಬಾಸ್ ತೀರ್ಪು. ತಡೆಯಾಜ್ಞೆ ಸಿಗದಿದ್ದರೆ ಮೊದಲು ಹೋಗಿ ಜಾಯಿನ್ ಆಗು ಎಂದು 1989ರಲ್ಲೇ ಸುಪ್ರೀಂ ಕೋರ್ಟು ಹೇಳಿಬಿಟ್ಟಿದೆ.

ದುರುದ್ದೇಶ ಸಾಬೀತು ಮಾಡೋದು ಅಂದರೇನು? ತಮಿಳುನಾಡಿನ ಮುಖ್ಯ ಕಾರ್ಯದರ್ಶಿಯಾಗಿದ್ದ ರೋಯಪ್ಪನವರನ್ನು ಆ ಜಾಗದಿಂದ ಎತ್ತಿದಾಗ ಅವರು ಸುಪ್ರೀಂ ಕೋರ್ಟಿನವರೆಗೆ ಹೋದರು. 1973ರಲ್ಲಿ ಸೋತರು. ಇಡೀ ರಾಜ್ಯದ ಕಡತ ಕೈಯಲ್ಲಿದ್ದವರಿಗೇ ಆಗದ್ದು ನಮ್ಮ ಗುಮಾಸ್ತನಿಗೆ ಆಗುತ್ತದೆಯೇ? ಗೌಡರ ಮನೆ ಜಗಲಿಯಲ್ಲಿ ಆಡಿದ ಮಾತಿಗೆ ಯಾವ ಕಡತದಲ್ಲಿ ನಕಲು ಸಿಗುತ್ತೆ?

ಹಾಗಂತ ಕೈಚೆಲ್ಲಿ ಕೂರಬೇಕೇ? ಕೂಡದು. ಪದೇ ಪದೇ ಮಾಡುವ ಅಕಾಲಿಕ ವರ್ಗಾವಣೆ ಸಂಸಾರವನ್ನೇ ಬೇರುಸಹಿತ ಕೀಳುತ್ತದೆ ಎಂದು ನಮ್ಮ ರಾಜ್ಯದ ವರದರಾವ್ ಮೊಕದ್ದಮೆಯಲ್ಲಿ 1986ರಲ್ಲೇ ಸುಪ್ರೀಂ ಕೋರ್ಟು ಒಪ್ಪಿದೆ. ಶಿಕ್ಷೆಗೆ ಬದಲಾಗಿ ಮಾಡಿದ ವರ್ಗಾವಣೆ ನಿಲ್ಲುವುದಿಲ್ಲ ಎಂದು 2009ರ ಸೋಮೇಶ್ ತಿವಾರಿ ತೀರ್ಪು ಹೇಳಿದೆ. ಈ ಸಂದಿಯಲ್ಲೇ ನಾವು ಕಾಲಿಡಬೇಕು. ಅದಕ್ಕೆ ಕಾಗದ ಬೇಕು. ಬೆದರಿಕೆ ಬಂದ ದಿನವೇ ತಾರೀಕು ಹಾಕಿ ಬರೆದಿಡಿ. ಮೆಮೊ ಹರಿದು ಹಾಕಬೇಡಿ. 2005ರ ಮಾಹಿತಿ ಹಕ್ಕಿನಲ್ಲಿ ಆ ಆರ್ಡರಿನ ಹಿಂದಿನ ಟಿಪ್ಪಣಿ, ಬಂದ ಶಿಫಾರಸು ಎಲ್ಲದರ ನಕಲು ಕೇಳಿ.

ಇನ್ನೊಂದು ಕಹಿ ಮಾತು, ನಮಗೆ ನಾವೇ ಹೇಳಿಕೊಳ್ಳಬೇಕಾದ್ದು. ಒಳ್ಳೇ ಜಾಗಕ್ಕಾಗಿ ಎಮ್ಮೆಲ್ಲೆ ಲೆಟರಿಗೆ ಕ್ಯೂ ನಿಲ್ಲುವವರಲ್ಲಿ ನಮ್ಮವರೂ ಇದ್ದಾರೆ. ಶಾಸಕ ಶಿಫಾರಸು ಮಾಡಿದ ಎಂಬ ಒಂದೇ ಕಾರಣಕ್ಕೆ ವರ್ಗಾವಣೆ ಕೆಡುವುದಿಲ್ಲ ಎಂದು 2007ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಇವತ್ತು ನಾವು ಕೈಮುಗಿದು ತಂದ ಲೆಟರು ನಾಳೆ ನಮ್ಮನ್ನೇ ಎತ್ತಂಗಡಿ ಮಾಡಲು ಬರುತ್ತದೆ. ಅವನ ಲೆಟರಿನಿಂದ ಕುರ್ಚಿ ಹಿಡಿದವನು ಆ ಮುದುಕಿಗೆ ಕಡತದ ನಕಲು ಕೊಡುತ್ತಾನೆಯೇ?

ನಮ್ಮ ಬೇಡಿಕೆ ಸ್ಪಷ್ಟ. ಅವಧಿಗೆ ಮುನ್ನ ಎತ್ತಿದರೆ ಕಾರಣ ಬರೆಯಲಿ. ಕೇರಿಯ ಜನರ ಪರ ನಿಂತವನನ್ನು ಎತ್ತಿದರೆ, ಅದು ಸೇಡಲ್ಲವೆಂದು ಸರ್ಕಾರವೇ ಸಾಬೀತು ಮಾಡಲಿ. ಕಳಿಸುವ ಊರಲ್ಲಿ ಇರಲು ಮನೆ ಕೊಡಲಿ.

ಅಲ್ಲಿಯತನಕ ನಮ್ಮವನು ಒಬ್ಬನೇ ವಕೀಲರ ಮನೆ ಬಾಗಿಲು ಕಾಯಬಾರದು. ವಕೀಲರ ಫೀಸಿಗೆ ನೌಕರಿಯಲ್ಲಿರುವ ಒಬ್ಬೊಬ್ಬರೂ ಕೈಲಾದಷ್ಟು ಹಾಕೋಣ. ಹಿಯರಿಂಗ್ ದಿನ ಜೊತೆಗೆ ಹೋಗೋಣ. ಅವನು ಕೊಡಿಸಿದ ನಕಲು ಮುದುಕಿಯ ಸೆರಗಿನ ಗಂಟಲ್ಲಿದೆ. ಅವನನ್ನು ಎತ್ತಬಹುದು, ಆ ಕಾಗದವನ್ನು ಎತ್ತಲಾರರು. ಅವಳ ಅರ್ಜಿ ನಾವು ಹಾಕಿಸುತ್ತೇವೆ.

ಜೈ ಭೀಮ್!