ಗೃಹಾರೋಗ್ಯ: ನಾಯಿಯ ಹೊಟ್ಟೆಯ ಹುಳು

ಮನೆಗೆ ನಾಯಿಮರಿ ಬಂದಿತೆಂದರೆ ಮಕ್ಕಳಿಗೆ ಹಬ್ಬ. ಅದರ ಮೂತಿಗೆ ಮುತ್ತಿಡುವುದೇನು, ಅದರೊಡನೆ ಅಂಗಳದ ಮಣ್ಣಿನಲ್ಲಿ ಹೊರಳಾಡುವುದೇನು! ಈ ಸಂತೋಷವನ್ನು ಕೆಡಿಸಬೇಕಾಗಿಲ್ಲ. ಆದರೆ ಮರಿಯ ಹೊಟ್ಟೆ ಉಬ್ಬಿ, ಮೈ ಬಡಕಲಾಗಿ, ರೋಮ ಒರಟಾಗಿದ್ದರೆ “ಚೆನ್ನಾಗಿ ತಿಂದಿದೆ” ಎಂದು ಹಿಗ್ಗಬಾರದು. ಅದು ಜಂತುಹುಳುವಿನ ಲಕ್ಷಣವಿರಬಹುದು. ಇಲ್ಲಿನ ನೆರೆಹೊರೆಯವರು ಮರಾಠಿಯಲ್ಲಿ ‘ಜಂತ’ ಎನ್ನುವುದೂ ಇದನ್ನೇ.

ಈ ಹುಳುಗಳಲ್ಲಿ ಮುಖ್ಯವಾದವು ಮೂರು. ದುಂಡುಹುಳು ಹುಟ್ಟುವ ಮೊದಲೇ ತಾಯಿಯ ಗರ್ಭದಲ್ಲಿ ಮರಿಗೆ ಅಂಟುತ್ತದೆ. ಹಾಲಿನ ಮೂಲಕವೂ ಬರುತ್ತದೆ. ಆದುದರಿಂದ ಹೊರಗೆ ಕಾಲಿಡದ ಮರಿಗೂ ಹುಳುವಿರುವುದು ಆಶ್ಚರ್ಯವಲ್ಲ. ಕೊಕ್ಕೆಹುಳು ಕರುಳಿಗೆ ಕಚ್ಚಿಕೊಂಡು ರಕ್ತ ಹೀರುತ್ತದೆ. ಮರಿಯ ಒಸಡು ಬಿಳಿಚಿಕೊಂಡು, ಮಲ ಕಪ್ಪಾದರೆ ತಡಮಾಡದೆ ವೈದ್ಯರಲ್ಲಿಗೆ ಒಯ್ಯತಕ್ಕದ್ದು. ಮೂರನೆಯದು ಲಾಡಿಹುಳು. ಗುದದ ಬಳಿ ಅಕ್ಕಿಕಾಳಿನಂಥ ತುಣುಕುಗಳು ಕಂಡರೆ ಇದೆಂದು ತಿಳಿಯಬಹುದು. ಮೈಯ ಚಿಗಟವನ್ನು ನುಂಗುವುದರಿಂದ ಇದು ಬರುತ್ತದೆ. ಚಿಗಟ ಹೋಗದೆ ಈ ಹುಳುವಿನ ಕಾಟ ತಪ್ಪದು.

ಔಷಧಿಯೂ ಎಲ್ಲಕ್ಕೂ ಒಂದೇ ಅಲ್ಲ. ಪೈರಾಂಟೆಲ್ ದುಂಡುಹುಳು, ಕೊಕ್ಕೆಹುಳುಗಳಿಗೆ ಸರಿಯೇ ಹೊರತು ಲಾಡಿಹುಳುವಿಗೆ ನಾಟದು. ಅದಕ್ಕೆ ಪ್ರಾಜಿಕ್ವಾಂಟೆಲ್ ಬೇಕು. ಮರಿಗೆ ೨ ವಾರವಾದಾಗ ಮೊದಲ ಔಷಧಿ, ಅನಂತರ ೮ ವಾರದವರೆಗೆ ೨ ವಾರಕ್ಕೊಮ್ಮೆ, ಆಮೇಲೆ ೬ ತಿಂಗಳವರೆಗೆ ತಿಂಗಳಿಗೊಮ್ಮೆ, ಬೆಳೆದ ನಾಯಿಗೆ ಸಾಮಾನ್ಯವಾಗಿ ೩ ತಿಂಗಳಿಗೊಮ್ಮೆ. ಮರಿಗಳೊಡನೆ ತಾಯಿನಾಯಿಗೂ ಕೊಡಿಸಬೇಕು. ಪ್ರಮಾಣ ತೂಕವನ್ನು ಅವಲಂಬಿಸುವುದರಿಂದ ಅದನ್ನು ವೈದ್ಯರೇ ಹೇಳಬೇಕು. ಮಕ್ಕಳ ಮಾತ್ರೆಯನ್ನೇ ಮುರಿದು ಹಾಕುವುದೂ, ಬೆಳ್ಳುಳ್ಳಿ ಅರೆದು ತಿನ್ನಿಸುವುದೂ ಬೇಡ. ಬೆಳ್ಳುಳ್ಳಿ ನಾಯಿಯ ರಕ್ತಕಣಗಳನ್ನು ಕೆಡಿಸುತ್ತದೆ.

ತಾಯಂದಿರು ವಿಶೇಷವಾಗಿ ಗಮನಿಸಬೇಕಾದುದು ಮುಂದಿನ ಮಾತು. ದುಂಡುಹುಳುವಿನ ಮೊಟ್ಟೆ ಮಣ್ಣಿನಲ್ಲಿ ಕೆಲವು ವಾರ ಬಲಿತು, ಮಗುವಿನ ಕೈಯಿಂದ ಬಾಯಿಗೆ ಸೇರಿದರೆ, ಮರಿಹುಳು ದೇಹದಲ್ಲೆಲ್ಲ ಸಂಚರಿಸುತ್ತದೆ. ಅಪರೂಪಕ್ಕೆ ಕಣ್ಣಿಗೂ ಸೇರಿ ದೃಷ್ಟಿಯನ್ನೇ ಕೆಡಿಸಬಹುದು. ಮಳೆಗಾಲದ ಒದ್ದೆ ಮಣ್ಣಿನಲ್ಲಿ ಬರಿಗಾಲಿನಲ್ಲಿ ಓಡಾಡಿದರೆ ಕೊಕ್ಕೆಹುಳುವಿನ ಮರಿ ಚರ್ಮದೊಳಗೆ ಹೊಕ್ಕು ನವೆಯ ಗೆರೆ ಎಬ್ಬಿಸುತ್ತದೆ. ಆದರೆ ಹೆದರಿ ನಾಯಿಯನ್ನು ಬೀದಿಪಾಲು ಮಾಡಬೇಕಾಗಿಲ್ಲ. ಹೊಸ ಮಲದ ಮೊಟ್ಟೆ ಕೂಡಲೇ ಅಂಟುವುದಿಲ್ಲ. ಆದುದರಿಂದ ಅದನ್ನು ದಿನವೂ ಎತ್ತಿಹಾಕಿದರೆ ಅರ್ಧ ಅಪಾಯ ಕಳೆದಂತೆ. ಊಟಕ್ಕೆ ಮುನ್ನ ಮಕ್ಕಳು ಸೋಪಿನಿಂದ ಕೈ ತೊಳೆಯಲಿ. ನಾಯಿಗೆ ಹಸಿ ಮಾಂಸ ಹಾಕದಿರಿ.

ಲಕ್ಷ್ಮೀ ನಗರದವರಿಗೆ ಒಂದು ಅನುಕೂಲವಿದೆ. ೧೯೫೮ರಲ್ಲಿ ಸ್ಥಾಪಿತವಾದ ನಾಗಪುರ ಪಶುವೈದ್ಯ ಕಾಲೇಜು ಇದೇ ಊರಿನ ಸೆಮಿನರಿ ಹಿಲ್ಸ್‌ನಲ್ಲಿದೆ. ವೈದ್ಯರಲ್ಲಿಗೆ ಹೋಗುವಾಗ ಆ ದಿನದ ಮಲವನ್ನು ಚಿಕ್ಕ ಡಬ್ಬಿಯಲ್ಲಿ ಒಯ್ದರೆ, ಸೂಕ್ಷ್ಮದರ್ಶಕದಲ್ಲಿ ನೋಡಿ ಯಾವ ಹುಳುವೆಂದು ತಿಳಿಯಲು ಅನುಕೂಲ. ಉಗುರಿನಿಂದ ಹೋಗುವುದಕ್ಕೆ ಕೊಡಲಿ ಬೇಕಾಗುವಂತೆ ಬಿಡಬಾರದಲ್ಲವೆ? ಔಷಧಿ ಕೊಟ್ಟ ತಾರೀಖನ್ನು ಅಡುಗೆಮನೆಯ ಕ್ಯಾಲೆಂಡರಿನಲ್ಲಿ ಹಾಲಿನ ಲೆಕ್ಕದ ಪಕ್ಕದಲ್ಲೇ ಗುರುತು ಹಾಕಿಡಿ.