ಹೊಸ್ತಿಲು ದಾಟಿಸಿದ ವಾದ: ವಿಕ್ಟೋರಿಯಾ ಯುಗದ ಮಹಿಳೆ ಮತ್ತು ಸಾರ್ವಜನಿಕ ಜೀವನ

1837ರಲ್ಲಿ ಹದಿನೆಂಟು ವರ್ಷದ ತರುಣಿಯೊಬ್ಬಳು ಬ್ರಿಟನ್ನಿನ ಸಿಂಹಾಸನವನ್ನೇರಿದಳು. ಮುಂದೆ ಅರವತ್ತಮೂರು ವರ್ಷಗಳಿಗೂ ಹೆಚ್ಚು ಕಾಲ ಆ ಸಾಮ್ರಾಜ್ಯದ ನಾಣ್ಯದ ಮೇಲೆ ಹೆಣ್ಣಿನ ಮುಖವಿತ್ತು. ರಾಜ್ಯದ ಶಾಸನಗಳು ಆಕೆಯ ಹೆಸರಿನಲ್ಲಿಯೇ ಹೊರಡುತ್ತಿದ್ದವು. ಅದೇ ಅವಧಿಯ ಬಹುಭಾಗದಲ್ಲಿ ಇಂಗ್ಲೆಂಡಿನ ವಿವಾಹಿತ ಸ್ತ್ರೀಗೆ ಕಾನೂನಿನ ಕಣ್ಣಿನಲ್ಲಿ ಪ್ರತ್ಯೇಕ ಅಸ್ತಿತ್ವವೇ ಇರಲಿಲ್ಲ. ಅವಳ ಗಳಿಕೆ ಗಂಡನದು, ಅವಳ ಒಡವೆ ಗಂಡನದು, ಅವಳು ಹೆತ್ತ ಮಕ್ಕಳೂ ಗಂಡನವೇ. ಸ್ತ್ರೀಹಕ್ಕುಗಳ ಚಳವಳಿಯನ್ನು ತೀವ್ರವಾಗಿ ವಿರೋಧಿಸಿದವರಲ್ಲಿ ಸ್ವತಃ ರಾಣಿಯೂ ಒಬ್ಬಳು ಎಂಬುದನ್ನು ಆಕೆಯ 1870ರ ಪತ್ರವೊಂದು ಸಾರುತ್ತದೆ. ಹೆಣ್ಣೊಬ್ಬಳು ಪೀಠದ ಮೇಲೆ ಕುಳಿತ ಮಾತ್ರಕ್ಕೆ ಹೆಣ್ಣುಕುಲಕ್ಕೆ ಬಾಗಿಲು ತೆರೆಯುವುದಿಲ್ಲ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಇತಿಹಾಸದಲ್ಲಿ ಅಪರೂಪ.

ಹಾಗಾದರೆ ಆ ಬಾಗಿಲು ತೆರೆದುದು ಎಲ್ಲಿ? ಸಾಮಾನ್ಯವಾಗಿ ಈ ಪ್ರಶ್ನೆಗೆ ದೊರೆಯುವ ಉತ್ತರ ಮತದಾನದ ಹಕ್ಕಿನ ಹೋರಾಟ. ಸೆರೆಮನೆ, ಉಪವಾಸ, ಬೀದಿ ಮೆರವಣಿಗೆಗಳ ಆ ರೋಚಕ ಅಧ್ಯಾಯ ನಡೆದುದು ರಾಣಿಯ ಮರಣದ ಅನಂತರ. ಅದಕ್ಕೆ ಮೊದಲಿನ ಅರ್ಧ ಶತಮಾನದಲ್ಲಿ ಬಡವರ ಆಶ್ರಯಾಲಯಗಳಲ್ಲಿ, ಶಾಲಾ ಮಂಡಳಿಗಳಲ್ಲಿ, ಆಸ್ಪತ್ರೆಗಳಲ್ಲಿ ಸದ್ದಿಲ್ಲದೆ ನಡೆದ ಪ್ರವೇಶವೇ ನಿಜವಾದ ಪ್ರವೇಶ. ಆದರೆ ಅದನ್ನು ಕೇವಲ ಸಾಧನೆಯ ಸರಣಿಯಾಗಿ ಕಾಣುವುದು ಸಾಲದು. ಯಾವ ವಾದವನ್ನು ಮುಂದಿಟ್ಟು ಮಹಿಳೆಯರು ಒಳಗೆ ಬಂದರೋ ಆ ವಾದವೇ ಅವರು ಎಲ್ಲಿಯವರೆಗೆ ಬರಬಹುದು ಎಂಬುದನ್ನೂ ನಿರ್ಣಯಿಸಿತು. ಕೀಲಿಕೈಯೇ ಬೀಗವೂ ಆದ ಕಥೆ ಇದು.

ಕಾನೂನಿನ ಕಟ್ಟು ಎಷ್ಟು ಬಿಗಿಯಾಗಿತ್ತೆಂಬುದನ್ನು ಕ್ಯಾರೋಲೈನ್ ನಾರ್ಟನ್ ಅವರ ಬದುಕು ತೋರಿಸುತ್ತದೆ. 1836ರಲ್ಲಿ ಆಕೆಯ ಗಂಡ ಪ್ರಧಾನಿ ಲಾರ್ಡ್ ಮೆಲ್ಬರ್ನ್ ಮೇಲೆ ಪತ್ನಿಯ ಸಂಬಂಧವಾಗಿ ದಾವೆ ಹೂಡಿ ಸೋತ. ದಾವೆಯಲ್ಲಿ ಸೋತರೂ ಮಕ್ಕಳು ಅವನ ವಶದಲ್ಲಿಯೇ ಉಳಿದರು. ತಾಯಿಗೆ ಅವರ ಮುಖ ನೋಡುವ ಹಕ್ಕೂ ಇರಲಿಲ್ಲ. ಆಕೆ ಲೇಖನಿಯನ್ನು ಹಿಡಿದರು. 1839ರ ಶಿಶುಪಾಲನೆಯ ಕಾಯಿದೆ ಏಳು ವರ್ಷದೊಳಗಿನ ಮಕ್ಕಳನ್ನು ತನ್ನ ವಶಕ್ಕೆ ಕೇಳುವ ಅವಕಾಶವನ್ನು ತಾಯಿಗೆ ಮೊದಲ ಬಾರಿಗೆ ನೀಡಿತು. ಅಲ್ಲಿಂದ 1870 ಮತ್ತು 1882ರ ವಿವಾಹಿತ ಸ್ತ್ರೀಯರ ಆಸ್ತಿ ಕಾಯಿದೆಗಳವರೆಗೆ ಸಾಗಿದ ದಾರಿ ದೀರ್ಘವಾದುದು. ಗಮನಿಸಬೇಕಾದುದು ಇಷ್ಟು: ಈ ಮೊದಲ ಜಯ ದೊರೆತುದು ಸಮಾನತೆಯ ಹೆಸರಿನಲ್ಲಲ್ಲ, ತಾಯ್ತನದ ಹೆಸರಿನಲ್ಲಿ.

ಆ ಕಾಲದ ಮಧ್ಯಮವರ್ಗ ಲೋಕವನ್ನು ಎರಡಾಗಿ ಪಾಲು ಮಾಡಿತ್ತು. ಹೊರಗಿನ ವ್ಯವಹಾರ ಗಂಡಿಗೆ, ಒಳಗಿನ ಸಂಸಾರ ಹೆಣ್ಣಿಗೆ. ಈ ಗೆರೆಯನ್ನು ಅಳಿಸಲು ಹೋದವರು ಕಡಿಮೆ. ಅದನ್ನು ಹೊರಕ್ಕೆ ಸರಿಸಿದವರು ಹೆಚ್ಚು. ವರ್ಕ್‌ಹೌಸ್ ಎಂದು ಕರೆಯಲಾಗುತ್ತಿದ್ದ ಬಡವರ ಆಶ್ರಯಾಲಯಗಳೊಳಗೆ ವೃದ್ಧರು, ರೋಗಿಗಳು, ಅನಾಥ ಮಕ್ಕಳು ಇದ್ದರು. ಅವುಗಳ ಆಡಳಿತ ಮಾತ್ರ ಸಂಪೂರ್ಣವಾಗಿ ಗಂಡಸರ ಕೈಯಲ್ಲಿತ್ತು. 1858ರಲ್ಲಿ ಲೂಯಿಸಾ ಟ್ವೈನಿಂಗ್ ಅವರ ಪ್ರಯತ್ನದಿಂದ ಇಂಥ ಆಶ್ರಯಾಲಯಗಳನ್ನು ಸಂದರ್ಶಿಸುವ ಸಂಘವೊಂದು ಸ್ಥಾಪನೆಯಾಯಿತು. ಇಂಥ ಕೆಲಸದ ಹಿಂದಿದ್ದ ವಾದ ಸರಳವಾದುದು. ರೋಗಿಗೆ ಗಂಜಿ ಕಾಯಿಸುವುದು, ಮಗುವಿಗೆ ಬಟ್ಟೆ ತೊಡಿಸುವುದು, ಹಾಸಿಗೆ ಹೊದಿಕೆಗಳ ಲೆಕ್ಕವಿಡುವುದು ಹೆಣ್ಣಿನ ಕೆಲಸವಾದರೆ, ಸಾವಿರ ಜನರಿರುವ ಆಶ್ರಯಾಲಯದಲ್ಲಿ ಆ ಕೆಲಸ ಗಂಡಿನದಾಗುವುದು ಹೇಗೆ? ಸಂಸಾರ ತೂಗಿಸಬಲ್ಲವಳು ಊರನ್ನೂ ತೂಗಿಸಬಲ್ಲಳು. ವಿರೋಧಿಗಳ ಮಾತಿನಿಂದಲೇ ವಿರೋಧಿಗಳ ಬಾಯಿ ಕಟ್ಟಿದ ತರ್ಕ ಇದು.

ತರ್ಕ ಫಲಿಸಿತು. 1869ರಲ್ಲಿ ಸ್ಥಳೀಯ ತೆರಿಗೆ ಕಟ್ಟುವ ಮಹಿಳೆಯರಿಗೆ ನಗರಸಭೆಯ ಮತ ದೊರೆಯಿತು. 1872ರ ನ್ಯಾಯಾಲಯದ ತೀರ್ಪು ಅದನ್ನು ಅವಿವಾಹಿತೆಯರಿಗೂ ವಿಧವೆಯರಿಗೂ ಸೀಮಿತಗೊಳಿಸಿತು. 1870ರ ಶಿಕ್ಷಣ ಕಾಯಿದೆ ಶಾಲಾ ಮಂಡಳಿಗಳಿಗೆ ಸ್ಪರ್ಧಿಸುವ ಅವಕಾಶವನ್ನೂ ಕೊಟ್ಟಿತು. ಆ ವರ್ಷದ ಲಂಡನ್ ಶಾಲಾ ಮಂಡಳಿಯ ಚುನಾವಣೆಯಲ್ಲಿ ವೈದ್ಯೆ ಎಲಿಜಬೆತ್ ಗ್ಯಾರೆಟ್ ಅವರು 47,000ಕ್ಕೂ ಹೆಚ್ಚು ಮತಗಳನ್ನು ಪಡೆದು ಎಲ್ಲ ಅಭ್ಯರ್ಥಿಗಳನ್ನೂ ಹಿಂದಿಕ್ಕಿದರು. 1875ರಲ್ಲಿ ಮಾರ್ತಾ ಮೆರಿಂಗ್ಟನ್ ಅವರು ಬಡವರ ಪರಿಹಾರ ಮಂಡಳಿಯ ಮೊದಲ ಮಹಿಳಾ ಸದಸ್ಯೆಯಾದರು. 1894ರ ಸ್ಥಳೀಯ ಸರ್ಕಾರದ ಕಾಯಿದೆ ಆಸ್ತಿಯ ನಿಬಂಧನೆಯನ್ನು ತೆಗೆದುಹಾಕಿದ ಮೇಲೆ ಕೆಲವೇ ವರ್ಷಗಳಲ್ಲಿ ಇಂಥ ಸದಸ್ಯೆಯರ ಸಂಖ್ಯೆ 800ನ್ನು ದಾಟಿತು.

ಅವರಲ್ಲಿ ಎಮ್ಮೆಲಿನ್ ಪ್ಯಾಂಕ್‌ಹರ್ಸ್ಟ್ ಅವರೂ ಒಬ್ಬರು. ಮ್ಯಾಂಚೆಸ್ಟರಿನ ಬಳಿಯ ಚೋರ್ಲ್ಟನ್ ಮಂಡಳಿಗೆ ಆಯ್ಕೆಯಾದಾಗ ಆಶ್ರಯಾಲಯದಲ್ಲಿ ತಾವು ಕಂಡುದನ್ನು ಅವರು ಆತ್ಮಕಥೆಯಲ್ಲಿ ದಾಖಲಿಸಿದ್ದಾರೆ. ಏಳೆಂಟು ವರ್ಷದ ಹೆಣ್ಣುಮಕ್ಕಳು ಮಂಡಿಯೂರಿ ತಣ್ಣನೆಯ ಕಲ್ಲುನೆಲವನ್ನು ಉಜ್ಜುತ್ತಿದ್ದರು. ವೃದ್ಧರು ಬೆನ್ನಿಗೆ ಆಸರೆಯಿಲ್ಲದ ಬೆಂಚುಗಳ ಮೇಲೆ ದಿನವಿಡೀ ಕುಳಿತಿರುತ್ತಿದ್ದರು. ಹೊಸ ಮಂಡಳಿ ಆ ವೃದ್ಧರಿಗೆ ಒರಗುವ ಕುರ್ಚಿಗಳನ್ನು ತರಿಸಿತು. ಇತಿಹಾಸ ಗ್ರಂಥಗಳಲ್ಲಿ ಈ ಕುರ್ಚಿಗೆ ಸ್ಥಾನ ಸಿಗಲಾರದು. ಆದರೆ ಸಾರ್ವಜನಿಕ ಜೀವನಕ್ಕೆ ಮಹಿಳೆಯ ಪ್ರವೇಶದಿಂದ ಏನಾಯಿತು ಎಂದು ಕೇಳುವವರಿಗೆ ಈ ಕುರ್ಚಿಯೇ ತಕ್ಕ ಉತ್ತರ. ಮುದುಕರ ಬೆನ್ನು ನೋಯುತ್ತದೆ ಎಂಬ ತಿಳಿವಳಿಕೆಯೂ ಆಡಳಿತದ ಒಂದು ಭಾಗವೆಂಬುದನ್ನು ಅದು ಸ್ಥಾಪಿಸಿತು.

ಇನ್ನು ಅದೇ ವಾದದ ಇನ್ನೊಂದು ಮುಖ. ಊರಿನ ಕೆಲಸ ಮನೆಯ ವಿಸ್ತರಣೆ ಎಂದಾದರೆ, ಸೈನ್ಯ, ತೆರಿಗೆ, ಸಾಮ್ರಾಜ್ಯದ ಆಡಳಿತ ಯಾವುದರ ವಿಸ್ತರಣೆ? 1867ರಲ್ಲಿ ಜಾನ್ ಸ್ಟುವರ್ಟ್ ಮಿಲ್ ಅವರು ಮತದಾನದ ಮಸೂದೆಯಲ್ಲಿ ‘ಪುರುಷ’ ಎಂಬ ಪದದ ಬದಲು ‘ವ್ಯಕ್ತಿ’ ಎಂಬ ಪದವನ್ನು ಸೇರಿಸಬೇಕೆಂದು ಸೂಚಿಸಿದರು. 73 ಮತಗಳು ಪರವಾಗಿ, 196 ಮತಗಳು ವಿರುದ್ಧವಾಗಿ ಬಿದ್ದವು. 1889ರಲ್ಲಿ ಲಂಡನ್ ಕೌಂಟಿ ಕೌನ್ಸಿಲಿಗೆ ಆಯ್ಕೆಯಾದ ಲೇಡಿ ಸ್ಯಾಂಡ್‌ಹರ್ಸ್ಟ್ ಅವರ ಸ್ಥಾನವನ್ನು, ಅವರು ಹೆಣ್ಣೆಂಬ ಒಂದೇ ಕಾರಣಕ್ಕೆ, ನ್ಯಾಯಾಲಯ ರದ್ದುಪಡಿಸಿತು. ಅದೇ ವರ್ಷ ಕಾದಂಬರಿಗಾರ್ತಿ ಮಿಸೆಸ್ ಹಂಫ್ರಿ ವಾರ್ಡ್ ಅವರ ಮುಂದಾಳುತನದಲ್ಲಿ 104 ಮಂದಿ ಪ್ರತಿಷ್ಠಿತ ಮಹಿಳೆಯರೇ ಸಂಸತ್ತಿನ ಮತ ತಮಗೆ ಬೇಡವೆಂಬ ಮನವಿಯನ್ನು ಪ್ರಕಟಿಸಿದರು. ಅವರು ಮಹಿಳೆಯ ಸಾರ್ವಜನಿಕ ಕಾರ್ಯವನ್ನು ಅಲ್ಲಗಳೆಯಲಿಲ್ಲ. ಶಾಲಾ ಮಂಡಳಿ, ಪರಿಹಾರ ಮಂಡಳಿಗಳಲ್ಲಿ ದುಡಿಯುವುದು ಶ್ಲಾಘ್ಯ. ಸಂಸತ್ತು ಮಾತ್ರ ಅವಳ ಕ್ಷೇತ್ರವಲ್ಲ ಎಂದರು. ಹೊರಬರಲು ನೆರವಾದ ಮಾತೇ ಹಾಗೆ ತಡೆಗೋಡೆಯಾಯಿತು. ಮನೆಯ ಹೆಸರು ಹೇಳಿ ಒಳಬಂದವಳಿಗೆ ಮನೆಯಷ್ಟೇ ಅಗಲದ ಜಾಗ ದೊರೆಯಿತು.

ಈ ಮಿತಿಯನ್ನು ಮೀರಿದವರಲ್ಲಿ ಜೋಸೆಫೀನ್ ಬಟ್ಲರ್ ಅವರು ಅಗ್ರಗಣ್ಯರು. 1864, 1866 ಮತ್ತು 1869ರ ಸಾಂಕ್ರಾಮಿಕ ರೋಗಗಳ ಕಾಯಿದೆಗಳು ಸೈನ್ಯ ಹಾಗೂ ನೌಕಾಪಡೆಗಳ ಠಾಣೆಗಳಿದ್ದ ಊರುಗಳಲ್ಲಿ ವೇಶ್ಯೆಯೆಂದು ಶಂಕಿಸಿದ ಯಾವ ಹೆಣ್ಣನ್ನಾದರೂ ಬಲವಂತದ ದೇಹಪರೀಕ್ಷೆಗೆ ಒಳಪಡಿಸಲು ಅವಕಾಶ ನೀಡಿದ್ದವು. ಅವಳ ಬಳಿಗೆ ಬಂದ ಗಂಡಿಗೆ ಯಾವ ಪರೀಕ್ಷೆಯೂ ಇರಲಿಲ್ಲ. ಪಾದ್ರಿಯೊಬ್ಬರ ಪತ್ನಿಯಾದ ಬಟ್ಲರ್ ಅವರು ಮರ್ಯಾದಸ್ಥ ಗೃಹಿಣಿ ಉಸುರಬಾರದೆನಿಸಿದ್ದ ವಿಷಯವನ್ನು ಬಹಿರಂಗ ಸಭೆಗಳಲ್ಲಿ ಎತ್ತಿದರು. 1870ರ ಕೋಲ್ಚೆಸ್ಟರ್ ಉಪಚುನಾವಣೆಯ ಕಾಲದಲ್ಲಿ ಅವರು ತಂಗಿದ್ದ ಹೋಟೆಲಿನ ಮೇಲೆ ಜನ ದಾಳಿ ಮಾಡಿದರು. ಹಿಂಜರಿಯದೆ ನಡೆದ ಹೋರಾಟದ ಫಲವಾಗಿ 1886ರಲ್ಲಿ ಕಾಯಿದೆಗಳು ರದ್ದಾದವು. ಇಲ್ಲಿ ಮಂಡಿತವಾದುದು ಗೃಹಿಣಿಯ ಕೌಶಲವಲ್ಲ, ಪ್ರಜೆಯ ದೇಹದ ಮೇಲೆ ಪ್ರಭುತ್ವಕ್ಕಿರುವ ಅಧಿಕಾರದ ಪ್ರಶ್ನೆ. ಸಾರ್ವಜನಿಕ ಜೀವನ ಎಂಬ ಮಾತಿಗೆ ಪೂರ್ಣ ಅರ್ಥ ಬಂದುದು ಇಲ್ಲಿಯೇ.

ಇನ್ನೊಂದು ಮಿತಿ ವರ್ಗದ್ದು. 1866ರಲ್ಲಿ ಮತದಾನದ ಹಕ್ಕನ್ನು ಕೋರುವ, ಸುಮಾರು 1500 ಮಹಿಳೆಯರ ಸಹಿಯಿದ್ದ ಮನವಿಯನ್ನು ಎಮಿಲಿ ಡೇವಿಸ್ ಮತ್ತು ಎಲಿಜಬೆತ್ ಗ್ಯಾರೆಟ್ ಅವರು ವೆಸ್ಟ್‌ಮಿನ್‌ಸ್ಟರಿಗೆ ಕೊಂಡೊಯ್ದರು. ಆ ದೊಡ್ಡ ಸುರುಳಿಯನ್ನು ಹಿಡಿದು ನಿಲ್ಲಲು ಸಂಕೋಚವಾಗಿ, ಅಲ್ಲಿ ಸೇಬು ಮಾರುತ್ತಿದ್ದ ಹೆಂಗಸಿನ ಅಂಗಡಿಯಡಿಯಲ್ಲಿ ಅದನ್ನು ಬಚ್ಚಿಡಿಸಿದರು. ಈ ಪ್ರಸಂಗವನ್ನು ಚಳವಳಿಯ ಇತಿಹಾಸ ಒಂದು ವಿನೋದವಾಗಿ ನೆನೆಯುತ್ತದೆ. ಅದರಲ್ಲಿ ವಿನೋದಕ್ಕಿಂತ ಹೆಚ್ಚಿನದು ಇದೆ. ಸಾರ್ವಜನಿಕ ಸ್ಥಳಕ್ಕೆ ಬರಲು ಸುಶಿಕ್ಷಿತೆಯರು ಅಳುಕುತ್ತಿದ್ದಾಗ ಆ ಹಣ್ಣಿನವಳು ಆಗಲೇ ಅಲ್ಲಿದ್ದಳು. ಅವಳ ಇರುವಿಕೆಯನ್ನು ಯಾರೂ ‘ಪ್ರವೇಶ’ ಎಂದು ಕರೆಯಲಿಲ್ಲ. ಹೊಟ್ಟೆಪಾಡಿಗಾಗಿ ಗಿರಣಿ, ಗಣಿ, ಸಂತೆಗಳಲ್ಲಿ ನಿಂತ ಲಕ್ಷಾಂತರ ಹೆಂಗಸರಿಗೆ ಎರಡು ಲೋಕಗಳ ಆ ಗೆರೆ ಎಂದೂ ಅನ್ವಯಿಸಿರಲಿಲ್ಲ. ಅವರಿಗಿಲ್ಲದಿದ್ದುದು ಹೊರಗಿನ ಸ್ಥಳವಲ್ಲ, ಹೊರಗಿನ ದನಿ. 1888ರ ಜುಲೈನಲ್ಲಿ ಲಂಡನ್ನಿನ ಬ್ರಯಂಟ್ ಅಂಡ್ ಮೇ ಬೆಂಕಿಕಡ್ಡಿ ಕಾರ್ಖಾನೆಯ ಸುಮಾರು 1400 ಕೆಲಸಗಾರರು, ಅವರಲ್ಲಿ ಬಹುಪಾಲು ಹೆಂಗಸರು ಮತ್ತು ಹುಡುಗಿಯರು, ಕೆಲಸ ನಿಲ್ಲಿಸಿದಾಗ ಆ ದನಿ ಕೇಳಿಸಿತು. ಅವರ ಬವಣೆಯನ್ನು ಪತ್ರಿಕೆಯಲ್ಲಿ ಬಯಲಿಗೆಳೆದ ಆನಿ ಬೆಸೆಂಟ್ ಅವರು ಅದೇ ವರ್ಷ ಲಂಡನ್ ಶಾಲಾ ಮಂಡಳಿಗೆ ಆಯ್ಕೆಯಾದರು. ಮುಂದೆ ಮದರಾಸಿನ ಅಡಯಾರಿನಲ್ಲಿ ನೆಲೆಸಿ ಭಾರತದ ರಾಜಕಾರಣದಲ್ಲಿ ದುಡಿದವರೂ ಇವರೇ.

ಸಮುದ್ರದ ಈಚೆಗೆ ಈ ಕಥೆ ತಲಪಿದ ಇನ್ನೊಂದು ದಾರಿ ಮುಂಬಯಿಯದು. ಎಡಿನ್‌ಬರೊ ವಿಶ್ವವಿದ್ಯಾಲಯದಲ್ಲಿ ವೈದ್ಯಶಿಕ್ಷಣಕ್ಕೆ ಪ್ರವೇಶ ಪಡೆದ ಮೊದಲ ಮಹಿಳೆಯರಲ್ಲಿ ಎಡಿತ್ ಪೀಚಿ ಒಬ್ಬರು. ರಸಾಯನಶಾಸ್ತ್ರದಲ್ಲಿ ತಮಗೆ ಸಲ್ಲಬೇಕಾಗಿದ್ದ ವಿದ್ಯಾರ್ಥಿವೇತನವನ್ನು 1870ರಲ್ಲಿ ಹೆಣ್ಣೆಂಬ ಕಾರಣಕ್ಕೆ ಕಳೆದುಕೊಂಡ ಇವರು 1883ರಲ್ಲಿ ಮುಂಬಯಿಗೆ ಬಂದು, ಕಾಮಾ ಆಸ್ಪತ್ರೆಯ ಹೊಣೆ ಹೊತ್ತರು. ಅದೇ ನಗರದಲ್ಲಿ ರಖ್ಮಾಬಾಯಿ ಅವರ ಮೊಕದ್ದಮೆ ನಡೆಯಿತು. ಹನ್ನೊಂದರ ವಯಸ್ಸಿನಲ್ಲಿ ತಮಗೆ ಮಾಡಿದ ಮದುವೆಯನ್ನು ಒಪ್ಪದ ಈಕೆಯನ್ನು ತನ್ನ ಮನೆಗೆ ಕಳುಹಿಸಬೇಕೆಂದು ಗಂಡ 1884ರಲ್ಲಿ ದಾವೆ ಹೂಡಿದ. 1887ರಲ್ಲಿ ನ್ಯಾಯಾಲಯ, ಗಂಡನ ಮನೆಗೆ ಹೋಗಬೇಕು, ಇಲ್ಲವೇ ಆರು ತಿಂಗಳ ಸೆರೆವಾಸ ಅನುಭವಿಸಬೇಕು ಎಂದಿತು. ಈ ಬಗೆಯ ದಾವೆ ಇಂಗ್ಲಿಷ್ ಕಾನೂನಿನ ಕೊಡುಗೆ. ಆದರೆ ಇಂಥ ಆಜ್ಞೆಯನ್ನು ಮೀರಿದವರಿಗೆ ಸೆರೆವಾಸ ವಿಧಿಸುವುದನ್ನು ಇಂಗ್ಲೆಂಡ್ ತನ್ನಲ್ಲಿ 1884ರಲ್ಲಿಯೇ ಕೈಬಿಟ್ಟಿತ್ತು. ಹೆಣ್ಣಿಗೆ ಅಲ್ಲಿ ತೆರೆದ ಬಾಗಿಲನ್ನು ಸಾಮ್ರಾಜ್ಯ ಇಲ್ಲಿ ಮುಚ್ಚಿಟ್ಟಿತ್ತು. ರಖ್ಮಾಬಾಯಿ ಅವರು ಮಣಿಯಲಿಲ್ಲ. ಪತ್ರಿಕೆಗೆ ‘ಹಿಂದೂ ಮಹಿಳೆ’ ಎಂಬ ಹೆಸರಿನಲ್ಲಿ ಪತ್ರ ಬರೆದು ತಮ್ಮ ಮಾತನ್ನು ತಾವೇ ಆಡಿದರು. 1888ರಲ್ಲಿ ವ್ಯಾಜ್ಯ ರಾಜಿಯಲ್ಲಿ ಮುಗಿದ ಮೇಲೆ, ಎಡಿತ್ ಪೀಚಿ ಮೊದಲಾದವರ ನೆರವಿನಿಂದ ಲಂಡನ್ನಿಗೆ ಹೋಗಿ ವೈದ್ಯೆಯಾಗಿ ಹಿಂದಿರುಗಿದರು. ಅವರು ಕೇಳಿದುದು ಅನುಕಂಪವನ್ನಲ್ಲ, ಒಪ್ಪುವ ಮತ್ತು ನಿರಾಕರಿಸುವ ಹಕ್ಕನ್ನು.

ಬ್ರಿಟನ್ನಿನ ಮಹಿಳೆ ಶಾಲಾ ಮಂಡಳಿಗೆ ಬಂದುದು 1870ರಲ್ಲಿ. ಸಂಸತ್ತಿನ ಮತ ದೊರೆತುದು 1918ರಲ್ಲಿ, ಅದೂ ಮೂವತ್ತು ವರ್ಷ ದಾಟಿದ ಕೆಲವರಿಗೆ. ಪುರುಷನಿಗೆ ಸಮನಾದ ಮತ 1928ರಲ್ಲಿ. ಸ್ವತಂತ್ರ ಭಾರತದ ಸಂವಿಧಾನ ಈ ಭೇದವನ್ನು ಮೊದಲ ದಿನವೇ ತೊಡೆದುಹಾಕಿತು. ಆದರೂ ಅಧಿಕಾರಸ್ಥಾನಗಳ ಮಾತು ಬಂದಾಗ ಹಳೆಯ ಗೆರೆ ಮರಳಿ ಕಾಣಿಸುತ್ತದೆ. ಕರ್ನಾಟಕದ 1983ರ ಕಾಯಿದೆ ಸ್ಥಳೀಯ ಸಂಸ್ಥೆಗಳಲ್ಲಿ ಮಹಿಳೆಯರಿಗೆ ಶೇಕಡಾ 25ರಷ್ಟು ಸ್ಥಾನಗಳನ್ನು ಮೀಸಲಿಟ್ಟು ದಾರಿ ತೋರಿತು. 1993ರಲ್ಲಿ ಜಾರಿಗೆ ಬಂದ ಸಂವಿಧಾನದ 73ನೆಯ ತಿದ್ದುಪಡಿ ದೇಶದ ಪಂಚಾಯಿತಿಗಳಲ್ಲಿ ಮೂರನೆಯ ಒಂದು ಭಾಗವನ್ನು ನೀಡಿತು. ಲೋಕಸಭೆ ಮತ್ತು ವಿಧಾನಸಭೆಗಳಲ್ಲಿ ಅಷ್ಟೇ ಪಾಲನ್ನು ಕೊಡುವ ತಿದ್ದುಪಡಿ ಅಂಗೀಕಾರವಾಗಲು 2023ರವರೆಗೆ ಕಾಯಬೇಕಾಯಿತು. ಅಂಗೀಕಾರವಾದುದೂ ಜನಗಣತಿ ಮತ್ತು ಕ್ಷೇತ್ರ ಪುನರ್ವಿಂಗಡಣೆಯ ಅನಂತರವೇ ಜಾರಿ ಎಂಬ ನಿಬಂಧನೆಯೊಂದಿಗೆ. ಊರಿನ ನೀರು, ಶಾಲೆ, ಚರಂಡಿಗಳ ಚಿಂತೆಯನ್ನು ಹೆಣ್ಣಿಗೆ ಬೇಗ ಒಪ್ಪಿಸಿ, ದೇಶದ ಬೊಕ್ಕಸದ ಬೀಗದ ಕೈಯನ್ನು ತಡವಾಗಿ ಕೊಡುವ ಈ ರೀತಿ ವಿಕ್ಟೋರಿಯಾ ಯುಗಕ್ಕೆ ಅಪರಿಚಿತವಲ್ಲ.

ಮಹಿಳೆ ಮನೆಯನ್ನು ಬಲ್ಲಳು, ಆದುದರಿಂದ ಅವಳಿಗೆ ಅಧಿಕಾರ ಬೇಕು ಎಂಬ ಮಾತು ಹಿತವಾಗಿ ಕೇಳಿಸುತ್ತದೆ. ಒರಗುವ ಕುರ್ಚಿಯನ್ನು ತಂದುಕೊಟ್ಟ ಮಾತು ಅದು. ಅದನ್ನು ಹಗುರವಾಗಿ ಕಾಣಬೇಕಾಗಿಲ್ಲ. ಆದರೆ ಗಂಡಿನಿಂದ ಅಂಥ ಅರ್ಹತಾಪತ್ರವನ್ನು ಯಾರೂ ಎಂದೂ ಕೇಳಿದ್ದಿಲ್ಲ. ಮಿಲ್ ಅವರು 1867ರಲ್ಲಿ ಸೂಚಿಸಿದ ‘ವ್ಯಕ್ತಿ’ ಎಂಬ ಒಂದು ಪದದಲ್ಲಿ ಬೇಕಾದ ವಾದವೆಲ್ಲ ಅಡಗಿತ್ತು. ಅದನ್ನು ಅಂದೇ ಒಪ್ಪಿಕೊಂಡಿದ್ದರೆ ಮಹಿಳೆ ತನ್ನ ಸದ್ಗುಣಗಳ ಪಟ್ಟಿಯನ್ನು ಹಿಡಿದು ಅರ್ಧ ಶತಮಾನ ಬಾಗಿಲಲ್ಲಿ ನಿಲ್ಲಬೇಕಾಗಿರಲಿಲ್ಲ.