ಕಡಲ ನೀರು ಯಾರ ಪಾಲು?



ಈ ಸಲದ ಅಂಕಣವನ್ನು ಅಮೆರಿಕಾದ ಡಲ್ಲಾಸ್ ಪಕ್ಕದ ಇರ್ವಿಂಗ್‌ನಿಂದ ಬರೆಯುತ್ತಿದ್ದೇನೆ. ಮಗಳ ಮನೆಗೆ ಬಂದಿದ್ದೇವೆ. ಬಂದ ಮರುದಿನವೇ ನನ್ನಾಕೆ ಅಡುಗೆಮನೆಯ ನಳ್ಳಿಯಿಂದ ಒಂದು ಲೋಟ ನೀರು ಕುಡಿದು, "ರೀ, ಇದು ನಮ್ಮ ಗಲ್ಫಿನ ನೀರಿನ ಹಾಗಿಲ್ಲ" ಎಂದಳು. ಇಪ್ಪತ್ತೆರಡು ವರ್ಷ ಡಿಸಾಲಿನೇಷನ್ ಪ್ಲಾಂಟಿನಲ್ಲಿ ಪಾಳಿ ಮಾಡಿದವನ ಹೆಂಡತಿ, ಅವಳ ನಾಲಗೆ ತಪ್ಪುವುದಿಲ್ಲ. ಇರ್ವಿಂಗ್‌ನವರು ಕುಡಿಯುವುದು ಅಣೆಕಟ್ಟು ಕಟ್ಟಿ ನಿಲ್ಲಿಸಿದ ಕೆರೆಗಳ ನೀರು.

ಆದರೆ ಇದೇ ಟೆಕ್ಸಾಸಿನ ದಕ್ಷಿಣದಲ್ಲಿ, ಕಡಲಂಚಿನ ಕಾರ್ಪಸ್ ಕ್ರಿಸ್ಟಿ ಎಂಬ ಊರಲ್ಲಿ, ಕೆರೆಗಳು ತಳ ಕಾಣುತ್ತಿವೆ. "ಮಾವ, ನಿಮ್ಮ ಕೆಲಸದ್ದೇ ಸುದ್ದಿ ನೋಡಿ" ಎಂದು ಅಳಿಯ ಫೋನ್ ತೋರಿಸಿದ. ದಿನಕ್ಕೆ 3 ಕೋಟಿ ಗ್ಯಾಲನ್, ಅಂದರೆ ಸುಮಾರು 11 ಕೋಟಿ ಲೀಟರ್ ಸಿಹಿನೀರು ಕೊಡುವ ಘಟಕ ಕಟ್ಟಲು ಆ ನಗರ ಹೊರಟಿತ್ತು. ಅಂದಾಜು ವೆಚ್ಚ ಏರುತ್ತಾ ಹೋಗಿ 120 ಕೋಟಿ ಡಾಲರ್ ಮುಟ್ಟಿತು. 2025ರ ಸೆಪ್ಟೆಂಬರ್ ಮೊದಲ ವಾರ, ಗಂಟೆಗಟ್ಟಲೆ ಜನರ ಮಾತು ಕೇಳಿದ ನಗರಸಭೆ ಯೋಜನೆಯನ್ನು ತಡೆಯಿತು. ಚರ್ಚೆ ಅಲ್ಲಿಗೇ ಮುಗಿಯಲೂ ಇಲ್ಲ.

ನೀರಿಲ್ಲದ ಊರು ನೀರಿನ ಘಟಕವನ್ನೇ ಬೇಡ ಅನ್ನುವುದೇ? ಗಲ್ಫಿನಲ್ಲಿ ಬದುಕಿದ ನಮಗೆ ಇದು ವಿಚಿತ್ರ. ಕುವೈತಿನ ಹಳಬರು ಹೇಳುವುದನ್ನು ನೀವೂ ಕೇಳಿರುತ್ತೀರಿ. ಹಿಂದೆ ಹಾಯಿಹಡಗುಗಳು ಶತ್ ಅಲ್ ಅರಬ್ ನದಿಯಿಂದ ಸಿಹಿನೀರು ತುಂಬಿಕೊಂಡು ಬರುತ್ತಿದ್ದವಂತೆ. 1953ರಲ್ಲಿ ಅಲ್ಲಿ ದಿನಕ್ಕೆ 10 ಲಕ್ಷ ಗ್ಯಾಲನ್ನಿನ ಘಟಕ ಬಂತು. ಟೆಕ್ಸಾಸಿಗೂ ಈ ವಿದ್ಯೆ ಹೊಸದಲ್ಲ. ಹ್ಯೂಸ್ಟನ್‌ನ ದಕ್ಷಿಣಕ್ಕಿರುವ ಫ್ರೀಪೋರ್ಟ್‌ನಲ್ಲಿ 1961ರ ಜೂನ್‌ನಲ್ಲಿ ಅಷ್ಟೇ ದೊಡ್ಡ ಪ್ರಾಯೋಗಿಕ ಘಟಕ ಶುರುವಾಯಿತು. ಅಧ್ಯಕ್ಷ ಕೆನಡಿ ವಾಷಿಂಗ್ಟನ್‌ನಲ್ಲೇ ಕುಳಿತು ಗುಂಡಿ ಒತ್ತಿ ಅದಕ್ಕೆ ಚಾಲನೆ ಕೊಟ್ಟರು. ಗಲ್ಫಿಗೆ ಬೇರೆ ದಾರಿ ಇರಲಿಲ್ಲ, ಕಟ್ಟುತ್ತಲೇ ಹೋಯಿತು. ಟೆಕ್ಸಾಸಿಗೆ ಕೆರೆಗಳಿದ್ದವು, ಆತುರವಿರಲಿಲ್ಲ.

ಕಾರ್ಪಸ್ ಕ್ರಿಸ್ಟಿಯ ಜನ ಕೇಳಿದ್ದು ಮೂರು ಪ್ರಶ್ನೆ.

ಒಂದು, ದುಡ್ಡು ಯಾರದು? ಕಡಲ ನೀರನ್ನು ಅರವತ್ತು ಎಪ್ಪತ್ತು ಬಾರ್ ಒತ್ತಡದಲ್ಲಿ ಮೆಂಬ್ರೇನಿನೊಳಗೆ ನುಗ್ಗಿಸಬೇಕು. ಸಾವಿರ ಲೀಟರಿಗೆ ಮೂರು ನಾಲ್ಕು ಯೂನಿಟ್ ಕರೆಂಟು ಬೇಕು. ಗಲ್ಫಿನಲ್ಲಿ ಈ ಖರ್ಚಿನ ದೊಡ್ಡ ಭಾಗವನ್ನು ಸರ್ಕಾರ ಹೊರುತ್ತದೆ. ಇಲ್ಲಿ ಅದು ಮನೆಯ ನೀರಿನ ಬಿಲ್ಲಿಗೇ ಬರುತ್ತದೆ.

ಎರಡು, ಉಪ್ಪು ಎಲ್ಲಿಗೆ? ನೂರು ಲೀಟರ್ ಕಡಲ ನೀರಿಗೆ ಸಿಗುವ ಸಿಹಿನೀರು ಸುಮಾರು ನಲವತ್ತು ಲೀಟರ್. ಉಳಿದದ್ದು ಇನ್ನಷ್ಟು ಉಪ್ಪಾದ ಬ್ರೈನ್. ಅಲ್ಲಿನ ಕೊಲ್ಲಿ ಆಳವಿಲ್ಲದ್ದು, ಎದುರಿಗೆ ಉದ್ದುದ್ದದ ದ್ವೀಪಗಳ ತಡೆ. ಹೊರಗಿನ ಸಮುದ್ರದ ನೀರು ಬೇಗ ಬಂದು ಬೆರೆಯುವುದಿಲ್ಲ. ಸಿಗಡಿ, ಮೀನು ನಂಬಿದವರು ಹೆದರಿದರು. ಪಕ್ಕದ ಹಿಲ್‌ಕ್ರೆಸ್ಟ್ ಎಂಬ ಆಫ್ರಿಕನ್ ಅಮೆರಿಕನ್ನರ ಹಳೆಯ ಬಡಾವಣೆಯವರೂ ವಿರೋಧಿಸಿದರು.

ಮೂರು, ನೀರು ಯಾರಿಗೆ? ಆ ಊರಿನ ನೀರಿನ ದೊಡ್ಡ ಪಾಲು ಹೋಗುವುದು ತೈಲ ಸಂಸ್ಕರಣಾಗಾರ, ರಾಸಾಯನಿಕ ಕಾರ್ಖಾನೆಗಳಿಗೆ. ಕಾರ್ಖಾನೆಯ ಬಾಯಾರಿಕೆಗೆ ನಾವೇಕೆ ಸಾಲ ಹೊರಬೇಕು ಎಂದರು ಕೆಲವರು. ಕಾರ್ಖಾನೆ ನಿಂತರೆ ಕೆಲಸ ಎಲ್ಲಿಂದ ಎಂದರು ಇನ್ನು ಕೆಲವರು. ಎರಡೂ ಸುಳ್ಳಲ್ಲ.

ಇಷ್ಟೆಲ್ಲ ವಿವರಿಸಿದ ಮೇಲೆ ಅಳಿಯ ಕೇಳಿದ, "ಮಾವ, ನೀವು ಅಷ್ಟು ವರ್ಷ ಬ್ರೈನ್ ಬಿಟ್ಟಿರಲ್ಲ, ಅದು ಏನಾಗುತ್ತದೆ ಎಂದು ಯಾರಾದರೂ ಕೇಳಿದ್ದರೇ?" ನನ್ನ ಬಳಿ ಉತ್ತರವಿರಲಿಲ್ಲ. ಪ್ರತಿ ಪಾಳಿಯಲ್ಲೂ ಒತ್ತಡ, ಉಷ್ಣಾಂಶ, ಹರಿವು ಎಲ್ಲ ಲಾಗ್ ಪುಸ್ತಕದಲ್ಲಿ ಬರೆದವನು ನಾನು. ಹೊರಗೆ ಹೋದ ನೀರಿನ ದಾರಿಯನ್ನು ಒಮ್ಮೆಯೂ ವಿಚಾರಿಸಲಿಲ್ಲ. ಪರದೇಶದ ಕೆಲಸಗಾರ, ಸಂಬಳ ಊರಿಗೆ ಮುಟ್ಟಿದರೆ ಸಾಕು ಎಂದುಕೊಂಡಿದ್ದೆ.

ಆದರೆ ಈಗ ಪ್ರಶ್ನೆ ನಮ್ಮ ಊರಿನದೂ ಹೌದು. ಮಂಗಳೂರಿನ ತಣ್ಣೀರುಬಾವಿ ನಿಮ್ಮಲ್ಲಿ ಹಲವರಿಗೆ ಗೊತ್ತು. ಕಡಲ ಬದಿಯಲ್ಲೇ ತಣ್ಣೀರಿನ ಬಾವಿ ಎಂಬ ಹೆಸರು! ಅಲ್ಲೇ ಎಂ.ಆರ್.ಪಿ.ಎಲ್. ದಿನಕ್ಕೆ 3 ಕೋಟಿ ಲೀಟರಿನ ಡಿಸಾಲಿನೇಷನ್ ಘಟಕ ಕಟ್ಟಿದೆ. 2012ರಲ್ಲಿ, ಮತ್ತೆ 2016ರಲ್ಲಿ ನೇತ್ರಾವತಿ ಬತ್ತಿದಾಗ ಆ ಸಂಸ್ಕರಣಾಗಾರ ಘಟಕಗಳನ್ನೇ ನಿಲ್ಲಿಸಬೇಕಾಗಿತ್ತು. ಕಾರ್ಖಾನೆ ಕಡಲ ನೀರು ಬಳಸಿದಷ್ಟೂ ಬೇಸಗೆಯಲ್ಲಿ ನದಿಯ ನೀರು ಮನೆಗಳಿಗೆ ಉಳಿಯಬೇಕು. ಉಳಿಯುತ್ತಿದೆಯೇ, ಬ್ರೈನ್ ಎಲ್ಲಿ ಸೇರುತ್ತಿದೆ, ನಾಡದೋಣಿಯವರು ಏನು ಹೇಳುತ್ತಾರೆ ಎಂದು ಊರವರು ಲೆಕ್ಕ ಕೇಳುತ್ತಲೇ ಇರಬೇಕು.

ಆ ಲೆಕ್ಕ ಅರ್ಥವಾಗುವವರು ಯಾರು? ಗಲ್ಫಿನಲ್ಲಿ ಪಂಪು ನಡೆಸಿದ, ಮೆಂಬ್ರೇನ್ ತೊಳೆದ, ವಾಲ್ವ್ ತಿರುಗಿಸಿದ ನೀವೇ. ಊರಿಗೆ ಮರಳಿದಾಗ ಮನೆ ಕಟ್ಟಿ ಸುಮ್ಮನೆ ಕೂರಬೇಡಿ. ನೀರಿನ ಸಭೆ ನಡೆದರೆ ಹೋಗಿ, ಎದ್ದು ನಿಂತು ಕೇಳಿ. ನಾನು ಇಪ್ಪತ್ತೆರಡು ವರ್ಷ ಕೇಳಲಿಲ್ಲ. ಈ ಮಳೆಗಾಲಕ್ಕೆ ಊರು ಸೇರುತ್ತೇನೆ, ಇನ್ನಾದರೂ ಕೇಳುವವನಿದ್ದೇನೆ.